ಅಬಕಾರಿ ಕಾಯಿದೆಯಡಿ ಜಪ್ತಿಯಾದ ವಾಹನಗಳ ಬಿಡುಗಡೆ: ಮಾಲೀಕರು ಅರಿತಿರಬೇಕಾದ ಸಂಗತಿಗಳು

ಹುಬ್ಬಳ್ಳಿಯ ಸಣ್ಣ ಘಟಕವೊಂದರ ಲಾರಿಯು ಗೋವೆಗೆ ರಟ್ಟಿನ ಪೆಟ್ಟಿಗೆಗಳನ್ನು ತಲುಪಿಸಿ ಬರಿದಾಗಿ ಹಿಂದಿರುಗುತ್ತಿದೆ ಎಂದಿಟ್ಟುಕೊಳ್ಳೋಣ. ಅನಮೋಡ ತಪಾಸಣಾ ಠಾಣೆಯಲ್ಲಿ ಅಬಕಾರಿ ಸಿಬ್ಬಂದಿಯು ತಾಡಪತ್ರಿಯನ್ನು ಸರಿಸಿ ನೋಡಿದಾಗ, ಚಾಲಕನು ತನ್ನ ಲಾಭಕ್ಕೆಂದು ತುಂಬಿಸಿಕೊಂಡ ಕೆಲವು ಪೆಟ್ಟಿಗೆ ಮದ್ಯ ದೊರೆಯುತ್ತದೆ. ಮಹಜರು ನಡೆದು, ಚಾಲಕನ ದಸ್ತಗಿರಿಯಾಗಿ, ಲಾರಿಯು ಇಲಾಖೆಯ ವಶವಾಗುತ್ತದೆ. ಮಾಲೀಕನಿಗೆ ವಿಷಯ ತಿಳಿಯುವುದು ಮರುದಿನ ದೂರವಾಣಿಯ ಮೂಲಕ. ತಾನು ಯಾವ ತಪ್ಪನ್ನೂ ಮಾಡಿಲ್ಲವಾದ್ದರಿಂದ ನ್ಯಾಯಾಲಯಕ್ಕೆ ಒಂದು ಅರ್ಜಿ ಹಾಕಿದರೆ ವಾರದೊಳಗೆ ವಾಹನ ಕೈಸೇರುವುದೆಂದು ಅವನು ನಂಬಿರುತ್ತಾನೆ. ಅನೇಕ ಸಂದರ್ಭಗಳಲ್ಲಿ ಈ ನಂಬಿಕೆ ಹುಸಿಯಾಗುತ್ತದೆ. ಲಾರಿಯು ಮಳೆ ಬಿಸಿಲಿನಲ್ಲಿ ತುಕ್ಕು ಹಿಡಿಯುತ್ತಿರುವಾಗ ಸಾಲದ ಕಂತುಗಳು ಮಾತ್ರ ತಪ್ಪದೆ ಬರುತ್ತಿರುತ್ತವೆ.

ಹೀಗಾಗುವುದಕ್ಕೆ ಮುಖ್ಯ ಕಾರಣಗಳು ಎರಡು. ಮೊದಲನೆಯದು, ಅರ್ಜಿಯನ್ನು ಸಲ್ಲಿಸಬೇಕಾದ ಸ್ಥಳದ ಬಗ್ಗೆ ಇರುವ ತಪ್ಪು ಕಲ್ಪನೆ. ಎರಡನೆಯದು, ಮಾಲೀಕನು ನಿರ್ದೋಷಿಯೆಂಬುದನ್ನು ತೋರಿಸುವ ಕಾಗದಪತ್ರಗಳು ಕಡತದಲ್ಲಿ ಇಲ್ಲದಿರುವುದು. ಈ ಎರಡನ್ನೂ ಸರಿಯಾಗಿ ಅರಿತ ವರ್ತಕನಿಗೆ ಬಿಡುಗಡೆಯ ಹಾದಿ ಬಹುಮಟ್ಟಿಗೆ ಸುಗಮವಾಗುತ್ತದೆ.

ಅಬಕಾರಿ ಎಂದರೆ ಯಾವುದು?

ಇಲ್ಲಿ ಹೇಳುತ್ತಿರುವುದು ಕೇಂದ್ರ ಅಬಕಾರಿ ಸುಂಕದ ವಿಷಯವಲ್ಲ. 2017ರ ಜುಲೈ 1ರಂದು ಸರಕು ಮತ್ತು ಸೇವಾ ತೆರಿಗೆ ಜಾರಿಗೆ ಬಂದ ಮೇಲೆ ಕೇಂದ್ರ ಅಬಕಾರಿಯ ವ್ಯಾಪ್ತಿ ಪೆಟ್ರೋಲಿಯಂ, ತಂಬಾಕು ಮುಂತಾದ ಕೆಲವೇ ವಸ್ತುಗಳಿಗೆ ಸೀಮಿತಗೊಂಡಿದೆ. ಮಾನವ ಬಳಕೆಯ ಮದ್ಯವನ್ನು ಸಂವಿಧಾನವೇ ಸರಕು ಮತ್ತು ಸೇವಾ ತೆರಿಗೆಯಿಂದ ಹೊರಗಿಟ್ಟಿದೆ. ಮದ್ಯದ ತಯಾರಿಕೆ, ಸಾಗಣೆ, ಮಾರಾಟಗಳ ನಿಯಂತ್ರಣವು ರಾಜ್ಯಪಟ್ಟಿಯ ವಿಷಯವಾಗಿದ್ದು, ಕರ್ನಾಟಕದಲ್ಲಿ 1965ರ ಕರ್ನಾಟಕ ಅಬಕಾರಿ ಕಾಯಿದೆಯು ಇದಕ್ಕೆ ಅನ್ವಯಿಸುತ್ತದೆ. ಪ್ರತಿ ರಾಜ್ಯಕ್ಕೂ ಅದರದೇ ಆದ ಕಾಯಿದೆ ಇರುವುದರಿಂದ, ವಾಹನ ಎಲ್ಲಿ ನೋಂದಣಿಯಾಗಿದೆ ಎಂಬುದು ಇಲ್ಲಿ ಮುಖ್ಯವಲ್ಲ. ಅದು ಎಲ್ಲಿ ಜಪ್ತಿಯಾಯಿತು ಎಂಬುದೇ ಮುಖ್ಯ.

ಜಪ್ತಿ ಬೇರೆ, ಮುಟ್ಟುಗೋಲು ಬೇರೆ

ವ್ಯವಹಾರದಲ್ಲಿ ಈ ಎರಡು ಪದಗಳನ್ನು ಒಂದೇ ಅರ್ಥದಲ್ಲಿ ಬಳಸುವ ರೂಢಿಯಿದೆ. ಕಾನೂನಿನ ದೃಷ್ಟಿಯಲ್ಲಿ ಇವುಗಳ ನಡುವೆ ಬಹಳ ಅಂತರವಿದೆ. ಜಪ್ತಿ ಎಂದರೆ ಅಪರಾಧಕ್ಕೆ ಬಳಕೆಯಾಯಿತೆಂಬ ಸಂಶಯದ ಮೇಲೆ ವಾಹನವನ್ನು ತಾತ್ಕಾಲಿಕವಾಗಿ ವಶಕ್ಕೆ ತೆಗೆದುಕೊಳ್ಳುವುದು. ಆಗಲೂ ಒಡೆತನ ಮಾಲೀಕನದೇ ಆಗಿರುತ್ತದೆ. ಮುಟ್ಟುಗೋಲು ಎಂದರೆ ವಿಚಾರಣೆಯ ನಂತರ ಆ ಒಡೆತನವನ್ನೇ ಕಳೆದು, ವಾಹನವನ್ನು ಸರ್ಕಾರಕ್ಕೆ ಸೇರಿಸುವ ಆದೇಶ. ಮಧ್ಯಂತರ ಬಿಡುಗಡೆಯ ಪ್ರಶ್ನೆ ಏಳುವುದು ಈ ಎರಡರ ನಡುವಿನ ಅವಧಿಯಲ್ಲಿ.

ಇದಲ್ಲದೆ, ಚಾಲಕನ ಮೇಲಿನ ಕ್ರಿಮಿನಲ್ ಮೊಕದ್ದಮೆ ಮತ್ತು ವಾಹನದ ಮೇಲಿನ ಮುಟ್ಟುಗೋಲು ನಡವಳಿ ಇವೆರಡೂ ಪ್ರತ್ಯೇಕ ಹಳಿಗಳ ಮೇಲೆ ಸಾಗುತ್ತವೆ. ಚಾಲಕನಿಗೆ ಜಾಮೀನು ದೊರೆತ ಮಾತ್ರಕ್ಕೆ ವಾಹನ ಬಿಡುಗಡೆಯಾಗುವುದಿಲ್ಲ. ಆದರೆ ಈ ಹಳಿಗಳು ಎಂದಿಗೂ ಕೂಡುವುದಿಲ್ಲವೆಂದೂ ಹೇಳಲಾಗದು. ಮಧ್ಯಪ್ರದೇಶದ ಗೋವಧೆ ನಿಷೇಧ ಕಾನೂನಿನಡಿ ಮುಟ್ಟುಗೋಲಾಗಿದ್ದ ಟ್ರಕ್ಕಿನ ಪ್ರಕರಣವೊಂದರಲ್ಲಿ, ಆರೋಪಿಗಳು ಖುಲಾಸೆಯಾದ ಮೇಲೂ ಟ್ರಕ್ಕನ್ನು ಸರ್ಕಾರವು ಇಟ್ಟುಕೊಳ್ಳುವುದು ಸಂವಿಧಾನದ 300-ಎ ಅನುಚ್ಛೇದಕ್ಕೆ ವಿರುದ್ಧವಾಗಿ ಆಸ್ತಿಯನ್ನು ಕಸಿದುಕೊಂಡಂತೆ ಎಂದು ಸರ್ವೋಚ್ಚ ನ್ಯಾಯಾಲಯವು 2022ರಲ್ಲಿ ತೀರ್ಪಿತ್ತಿತು. ಆದ್ದರಿಂದ ಖುಲಾಸೆಯ ತೀರ್ಪಿನ ದೃಢೀಕೃತ ಪ್ರತಿಯನ್ನು ಪಡೆದು ವಾಹನದ ಕಡತಕ್ಕೆ ಸೇರಿಸುವುದನ್ನು ಯಾರೂ ಮರೆಯಬಾರದು.

ಅರ್ಜಿ ಯಾರ ಮುಂದೆ?

ಸಾಮಾನ್ಯ ಅಪರಾಧಗಳಲ್ಲಿ ಜಪ್ತಿಯಾದ ವಸ್ತುಗಳನ್ನು ಮ್ಯಾಜಿಸ್ಟ್ರೇಟರು ವಿಚಾರಣೆ ಮುಗಿಯುವ ಮುನ್ನವೇ ಬಿಡುಗಡೆ ಮಾಡಬಹುದು. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ 451 ಮತ್ತು 457ನೆಯ ಕಲಮುಗಳಲ್ಲಿದ್ದ ಈ ಅಧಿಕಾರವು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497 ಮತ್ತು 503ನೆಯ ಕಲಮುಗಳಲ್ಲಿದೆ. ಸುಂದರಭಾಯಿ ಅಂಬಾಲಾಲ್ ದೇಸಾಯಿ ವಿರುದ್ಧ ಗುಜರಾತ್ ರಾಜ್ಯ ಎಂಬ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2002ರಲ್ಲಿ ನೀಡಿದ ತೀರ್ಪು ಈ ವಿಷಯದಲ್ಲಿ ಇಂದಿಗೂ ದಾರಿದೀಪವಾಗಿದೆ. ಜಪ್ತಿಯಾದ ವಾಹನಗಳನ್ನು ಠಾಣೆಯ ಆವರಣದಲ್ಲಿ ಕೊಳೆಯಲು ಬಿಡುವುದರಿಂದ ಯಾರಿಗೂ ಪ್ರಯೋಜನವಿಲ್ಲ. ಸೂಕ್ತ ಮುಚ್ಚಳಿಕೆ ಮತ್ತು ಭದ್ರತೆ ಪಡೆದು ಅವುಗಳನ್ನು ಹಿಂದಿರುಗಿಸಬೇಕು. ವಸ್ತುಗಳು ಹದಿನೈದು ದಿನಗಳಿಂದ ಒಂದು ತಿಂಗಳಿಗಿಂತ ಹೆಚ್ಚು ಕಾಲ ಠಾಣೆಯಲ್ಲಿ ಉಳಿಯಬಾರದು ಎಂಬುದು ಅದರ ಸಾರ. ಹೊಸ ಸಂಹಿತೆಯ 497ನೆಯ ಕಲಮು ಇನ್ನೊಂದು ಹೆಜ್ಜೆ ಮುಂದೆ ಹೋಗಿದೆ. ವಸ್ತುವು ನ್ಯಾಯಾಲಯದ ಮುಂದೆ ಹಾಜರಾದ ಹದಿನಾಲ್ಕು ದಿನಗಳೊಳಗೆ ಅದರ ವಿವರಪಟ್ಟಿ ಸಿದ್ಧವಾಗಿ, ಛಾಯಾಚಿತ್ರ ಅಥವಾ ವಿಡಿಯೋ ಚಿತ್ರೀಕರಣ ನಡೆದು, ತದನಂತರ ಮೂವತ್ತು ದಿನಗಳೊಳಗೆ ವಿಲೇವಾರಿಯ ಆದೇಶವಾಗಬೇಕೆಂದು ಅದು ವಿಧಿಸುತ್ತದೆ.

ಇಷ್ಟನ್ನೇ ಓದಿದವರು ಮ್ಯಾಜಿಸ್ಟ್ರೇಟರ ನ್ಯಾಯಾಲಯಕ್ಕೆ ಹೋದರೆ ಸಾಕೆಂದು ಭಾವಿಸುವುದು ಸಹಜ. ಆದರೆ ವಿಶೇಷ ಕಾಯಿದೆಯೊಂದು ಮುಟ್ಟುಗೋಲಿನ ಅಧಿಕಾರವನ್ನು ಇಲಾಖೆಯ ಅಧಿಕಾರಿಗೆ ವಹಿಸಿ, ಆ ವಸ್ತುಗಳ ವಿಷಯದಲ್ಲಿ ಬೇರೆ ನ್ಯಾಯಾಲಯಗಳು ಆದೇಶ ಮಾಡಬಾರದೆಂದು ಹೇಳಿದ್ದರೆ, ಆಗ ಸಾಮಾನ್ಯ ಸಂಹಿತೆಯ ಅಧಿಕಾರ ಹಿಂದೆ ಸರಿಯುತ್ತದೆ. ದೆಹಲಿಯ 2009ರ ಅಬಕಾರಿ ಕಾಯಿದೆಯಡಿ ಜಪ್ತಿಯಾದ ವಾಹನವೊಂದರ ಬಿಡುಗಡೆಗೆ ಅಲ್ಲಿನ ಉಚ್ಚ ನ್ಯಾಯಾಲಯವು ಮಾಡಿದ್ದ ಆದೇಶವನ್ನು ಸರ್ವೋಚ್ಚ ನ್ಯಾಯಾಲಯವು 2014ರ ಜನವರಿಯಲ್ಲಿ ರದ್ದುಪಡಿಸಿತು. ಆ ಕಾಯಿದೆಯ 59ನೆಯ ಕಲಮು ಮುಟ್ಟುಗೋಲಿನ ಅಧಿಕಾರವನ್ನು ಡೆಪ್ಯುಟಿ ಕಮೀಷನರರಿಗೆ ನೀಡಿದ್ದು, 61ನೆಯ ಕಲಮು ನ್ಯಾಯಾಲಯಗಳ ಅಧಿಕಾರವ್ಯಾಪ್ತಿಗೆ ತಡೆಯೊಡ್ಡಿದೆ ಎಂಬುದೇ ಇದಕ್ಕೆ ಕಾರಣ. ಕರ್ನಾಟಕ ಅರಣ್ಯ ಕಾಯಿದೆಯಡಿ ಹಿಡಿಯಲಾದ ವಾಹನದ ವಿಷಯದಲ್ಲೂ ಅದೇ ನ್ಯಾಯಾಲಯವು 2002ರಲ್ಲಿ ಮ್ಯಾಜಿಸ್ಟ್ರೇಟರಿಗೆ ಬಿಡುಗಡೆಯ ಅಧಿಕಾರವಿಲ್ಲವೆಂದು ಹೇಳಿತ್ತು.

ಇದಕ್ಕೆ ಪ್ರತಿಯಾಗಿ, ವಿಶೇಷ ಕಾಯಿದೆಯಲ್ಲಿ ಅಂತಹ ತಡೆಯೇ ಇಲ್ಲದಿದ್ದರೆ ಸಾಮಾನ್ಯ ಅಧಿಕಾರ ಉಳಿಯುತ್ತದೆ. ಮಾದಕ ವಸ್ತುಗಳ ಕಾನೂನಿನಡಿ ಅಸ್ಸಾಮಿನಲ್ಲಿ ಜಪ್ತಿಯಾದ, ಸಾಲದ ಕಂತಿನ ಮೇಲೆ ಕೊಂಡ ಟ್ರಕ್ಕೊಂದರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2025ರ ಜನವರಿಯಲ್ಲಿ ಇದನ್ನು ಸ್ಪಷ್ಟಪಡಿಸಿ, ಮಧ್ಯಂತರ ಬಿಡುಗಡೆಗೆ ಅವಕಾಶ ನೀಡಿತು.

ಹೀಗಾಗಿ ವಕೀಲರನ್ನು ಕಂಡ ಮೊದಲ ದಿನವೇ ಮಾಲೀಕನು ಮೂರು ಪ್ರಶ್ನೆಗಳಿಗೆ ಉತ್ತರ ಪಡೆಯಬೇಕು. ಜಪ್ತಿ ಯಾವ ರಾಜ್ಯದ, ಯಾವ ಕಾಯಿದೆಯ, ಯಾವ ಕಲಮಿನಡಿ ನಡೆಯಿತು? ವಾಹನವನ್ನು ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಲಾಗಿದೆಯೇ, ಅಥವಾ ಮುಟ್ಟುಗೋಲಿನ ಅಧಿಕಾರವುಳ್ಳ ಅಧಿಕಾರಿಯ ಮುಂದೆಯೇ? ಆ ಕಾಯಿದೆಯಲ್ಲಿ ನ್ಯಾಯಾಲಯಗಳಿಗೆ ತಡೆಯಿದೆಯೇ? ಕರ್ನಾಟಕ ಅಬಕಾರಿ ಕಾಯಿದೆಯಲ್ಲಿ 43-ಎ ಮತ್ತು ಅದರ ಮುಂದಿನ ಕಲಮುಗಳು ಅಧಿಕಾರಿಯ ಮಟ್ಟದ ಮುಟ್ಟುಗೋಲಿಗೆ ಸಂಬಂಧಿಸಿವೆ. ಆದ್ದರಿಂದ ಇಲ್ಲಿ ಜಪ್ತಿಯಾದ ವಾಹನದ ಮಾಲೀಕನು ಆ ಅಧಿಕಾರಿಯ ಕಚೇರಿಯನ್ನು ಕಡೆಗಣಿಸಿ ಕೇವಲ ನ್ಯಾಯಾಲಯವನ್ನೇ ನಂಬಿ ಕೂರುವುದು ಅಪಾಯಕರ.

ಉಚ್ಚ ನ್ಯಾಯಾಲಯದ ಪಾತ್ರ

ಅಧಿಕಾರಿಯು ತಿಂಗಳುಗಟ್ಟಲೆ ನೋಟಿಸನ್ನೇ ನೀಡದಿದ್ದರೆ, ಅಥವಾ ಉತ್ತರ ಪಡೆದೂ ಆದೇಶ ಮಾಡದಿದ್ದರೆ ಮಾಲೀಕನು ಕೈಕಟ್ಟಿ ಕೂರಬೇಕಾಗಿಲ್ಲ. ಸಂವಿಧಾನದ 226ನೆಯ ಅನುಚ್ಛೇದದಡಿ ಉಚ್ಚ ನ್ಯಾಯಾಲಯಕ್ಕಿರುವ ರಿಟ್ ಅಧಿಕಾರವನ್ನು ಯಾವ ಸಾಧಾರಣ ಕಾಯಿದೆಯೂ ಕಿತ್ತುಕೊಳ್ಳಲಾರದು. ಕಾಲಮಿತಿಯೊಳಗೆ ತೀರ್ಮಾನಿಸುವಂತೆ ಅಧಿಕಾರಿಗೆ ನಿರ್ದೇಶನ ನೀಡುವಂತೆ ಅಥವಾ ಷರತ್ತುಗಳ ಮೇಲೆ ವಾಹನ ಬಿಡಿಸುವಂತೆ ಅಲ್ಲಿ ಕೋರಬಹುದು. ಆದರೆ ಇಲಾಖೆಗೆ ಒಂದು ಮನವಿಯನ್ನೂ ಸಲ್ಲಿಸದೆ ನೇರವಾಗಿ ರಿಟ್ ಹೂಡಿದವನು, ಮೊದಲು ಅಲ್ಲಿಗೆ ಹೋಗಿ ಬಾ ಎಂಬ ಉತ್ತರವನ್ನು ನಿರೀಕ್ಷಿಸಬೇಕಾಗುತ್ತದೆ. ಲಿಖಿತ ಮನವಿ ಮತ್ತು ಅದರ ಸ್ವೀಕೃತಿ ಇಲ್ಲಿ ಬಹು ಬೆಲೆಯುಳ್ಳ ಕಾಗದಗಳು.

ಷರತ್ತುಗಳು ಸಡಿಲವಾಗಿರುತ್ತವೆಂದು ಎಣಿಸುವಂತಿಲ್ಲ. ಕರ್ನಾಟಕದ ಅರಣ್ಯ ಅಪರಾಧ ಪ್ರಕರಣವೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು 2000ದಲ್ಲಿ, ಇಂತಹ ವಾಹನಗಳನ್ನು ನಡವಳಿ ಮುಗಿಯುವವರೆಗೆ ಸಾಮಾನ್ಯವಾಗಿ ಬಿಡಬಾರದು, ವಿಶೇಷ ಕಾರಣಗಳಿಂದ ಬಿಡಬೇಕಾದರೆ ಬ್ಯಾಂಕ್ ಖಾತರಿಯು ಕನಿಷ್ಠ ಷರತ್ತಾಗಿರಬೇಕು ಎಂದು ಹೇಳಿತು. ಅದು ಅರಣ್ಯ ಕಾನೂನಿನ ತೀರ್ಪಾದರೂ, ಮುಟ್ಟುಗೋಲಿನ ನಡವಳಿ ಬಾಕಿಯಿರುವ ಇತರ ಪ್ರಕರಣಗಳಲ್ಲಿ ಸರ್ಕಾರಿ ವಕೀಲರು ಅದನ್ನು ಮುಂದಿಡುವುದನ್ನು ನಿರೀಕ್ಷಿಸಬೇಕು.

ಹೊರರಾಜ್ಯಗಳಲ್ಲಿ ಜಪ್ತಿಯಾದರೆ

ಕರ್ನಾಟಕದ ಸರಕನ್ನು ಗುಜರಾತಿಗೋ ಬಿಹಾರಕ್ಕೋ ಕಳುಹಿಸುವವರು ಹೆಚ್ಚಿನ ಎಚ್ಚರ ವಹಿಸಬೇಕು. ಗುಜರಾತಿನಲ್ಲಿ 1960ರಲ್ಲಿ ರಾಜ್ಯ ರಚನೆಯಾದಂದಿನಿಂದಲೂ ಪಾನನಿಷೇಧವಿದೆ. ಬಿಹಾರದಲ್ಲಿ 2016ರ ಏಪ್ರಿಲ್‌ನಿಂದ ಜಾರಿಯಲ್ಲಿದೆ. ಗುಜರಾತಿನ ಕಾನೂನಿನಲ್ಲಿ, ಮದ್ಯದ ಪ್ರಮಾಣ ನಿಗದಿತ ಮಿತಿಯನ್ನು ಮೀರಿದ್ದರೆ ಅಂತಿಮ ತೀರ್ಪಿನವರೆಗೆ ವಾಹನವನ್ನು ಮುಚ್ಚಳಿಕೆಯ ಮೇಲೆ ಬಿಡಬಾರದೆಂಬ ವಿಧಿಯೇ ಇದೆ. ಅಂತಹ ಪ್ರಕರಣಗಳಲ್ಲಿ ಮಾಲೀಕರು ಅಲ್ಲಿನ ಉಚ್ಚ ನ್ಯಾಯಾಲಯದ ರಿಟ್ ಅಧಿಕಾರವನ್ನೇ ಆಶ್ರಯಿಸಬೇಕಾಗಿ ಬಂದಿದೆ. ಬಿಹಾರದ ಕಾಯಿದೆಯಲ್ಲೂ ಮುಟ್ಟುಗೋಲಿನ ಅಧಿಕಾರ ಜಿಲ್ಲಾಡಳಿತದ ಕೈಯಲ್ಲಿದ್ದು, ಸಾಮಾನ್ಯ ನ್ಯಾಯಾಲಯಗಳಿಗೆ ತಡೆಯಿದೆ. ಊರಿನ ವಕೀಲರ ಅನುಭವವೊಂದನ್ನೇ ನಂಬದೆ, ಜಪ್ತಿ ನಡೆದ ಸ್ಥಳದಲ್ಲಿ ವಕಾಲತ್ತು ನಡೆಸುವವರ ಸಲಹೆ ಪಡೆಯುವುದು ಅನಿವಾರ್ಯ.

‘ನನಗೆ ತಿಳಿದಿರಲಿಲ್ಲ’ ಎಂದರೆ ಸಾಲದು

ಮುಟ್ಟುಗೋಲಿಗೆ ಮುನ್ನ ಕಾರಣ ಕೇಳುವ ನೋಟಿಸು ನೀಡಿ, ಮಾಲೀಕನ ಅಹವಾಲನ್ನು ಕೇಳುವುದು ಅಗತ್ಯ. ಈ ಹಂತದಲ್ಲಿ ಬಹುತೇಕ ಮಾಲೀಕರು ಎಡವುತ್ತಾರೆ. ಚಾಲಕನ ಕೃತ್ಯ ತನಗೆ ತಿಳಿದಿರಲಿಲ್ಲವೆಂಬ ಒಂದು ಪುಟದ ಉತ್ತರವನ್ನು ಕೊಟ್ಟು ಸುಮ್ಮನಾಗುತ್ತಾರೆ. ಮುಟ್ಟುಗೋಲಿನ ಕಾನೂನುಗಳು ಸಾಮಾನ್ಯವಾಗಿ ಇದಕ್ಕಿಂತ ಹೆಚ್ಚಿನದನ್ನು ಬಯಸುತ್ತವೆ. ಕರ್ನಾಟಕ ಅರಣ್ಯ ಕಾಯಿದೆಯಲ್ಲಿ ಕಾಣುವ ಮಾದರಿಯಂತೆ, ವಾಹನವು ಮಾಲೀಕನ, ಅವನ ಪ್ರತಿನಿಧಿಯ ಮತ್ತು ವಾಹನದ ಉಸ್ತುವಾರಿ ಹೊತ್ತವನ ಅರಿವಾಗಲಿ ಒಪ್ಪಿಗೆಯಾಗಲಿ ಇಲ್ಲದೆ ಬಳಕೆಯಾಯಿತೆಂಬುದನ್ನು ಮಾಲೀಕನೇ ರುಜುವಾತುಪಡಿಸಬೇಕು. ಅಷ್ಟೇ ಅಲ್ಲದೆ, ಅಂತಹ ಬಳಕೆಯಾಗದಂತೆ ಎಲ್ಲ ಯುಕ್ತ ಮುಂಜಾಗ್ರತೆಗಳನ್ನು ವಹಿಸಲಾಗಿತ್ತು ಎಂಬುದನ್ನೂ ತೋರಿಸಬೇಕು. ಉಸ್ತುವಾರಿ ಹೊತ್ತವನೆಂದರೆ ಚಾಲಕನೇ. ಅವನೇ ಮದ್ಯವನ್ನು ತುಂಬಿದ್ದರೆ ಮಾಲೀಕನ ವಾದ ಎಷ್ಟು ದುರ್ಬಲವಾಗುತ್ತದೆ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೇಲೆ ಹೇಳಿದ 2025ರ ತೀರ್ಪಿನಲ್ಲೂ ಇದೇ ವಿವೇಚನೆ ಕಾಣುತ್ತದೆ. ನಿಷಿದ್ಧ ವಸ್ತುವು ಮಾಲೀಕನ ಬಳಿ ಅಥವಾ ಅವನು ನೇಮಿಸಿದ ಚಾಲಕ, ಕ್ಲೀನರುಗಳ ಬಳಿ ದೊರೆತರೆ ಮಧ್ಯಂತರ ಬಿಡುಗಡೆ ಕಠಿಣ; ವಾಹನ ಕಳವಾಗಿದ್ದರೆ ಅಥವಾ ವಸ್ತುವು ಮಾಲೀಕನ ಶಾಮೀಲಿಲ್ಲದೆ ಹೊರಗಿನ ಪ್ರಯಾಣಿಕನ ಬಳಿ ದೊರೆತರೆ ಬಿಡುಗಡೆ ಸಹಜ ಎಂದು ನ್ಯಾಯಾಲಯವು ವಿಂಗಡಿಸಿತು. ಆದ್ದರಿಂದ ಯಾರ ಬಳಿ, ಯಾವ ಜಾಗದಲ್ಲಿ, ಎಷ್ಟು ವಸ್ತು ದೊರೆಯಿತು ಎಂದು ಮಹಜರಿನಲ್ಲಿ ಬರೆದಿರುವುದನ್ನು ಅಕ್ಷರಶಃ ಓದಬೇಕು.

ಮುಂಜಾಗ್ರತೆಯ ಪುರಾವೆಗಳನ್ನು ಜಪ್ತಿಯ ನಂತರ ಸೃಷ್ಟಿಸಲು ಬರುವುದಿಲ್ಲ. ಸೃಷ್ಟಿಸಲು ಯತ್ನಿಸುವುದು ಮತ್ತೊಂದು ಅಪರಾಧ. ಅವು ಮೊದಲೇ ಇರಬೇಕು. ಚಾಲಕನ ನೇಮಕಾತಿ ಪತ್ರದಲ್ಲಿ ಮದ್ಯ ಮತ್ತಿತರ ನಿಷಿದ್ಧ ಸರಕುಗಳ ಸಾಗಣೆಯನ್ನು ಸ್ಪಷ್ಟವಾಗಿ ನಿಷೇಧಿಸಿ ಅವನ ಸಹಿ ಪಡೆಯುವುದು. ಅವನ ಪರವಾನಗಿ ಮತ್ತು ಹಿಂದಿನ ನೌಕರಿಯ ವಿವರಗಳನ್ನು ಪರಿಶೀಲಿಸಿ ದಾಖಲಿಸುವುದು. ಪ್ರತಿ ಪ್ರಯಾಣಕ್ಕೂ ಹೋಗುವ ಮಾರ್ಗ, ನಿಲ್ಲುವ ಸ್ಥಳ, ಮರಳುವ ಸಮಯವುಳ್ಳ ಪ್ರಯಾಣ ಪತ್ರ ನೀಡುವುದು. ಮುಚ್ಚಿದ ವಾಹನಗಳಿಗೆ ಕ್ರಮಸಂಖ್ಯೆಯುಳ್ಳ ಮೊಹರು ಹಾಕುವುದು. ಸ್ಥಳಸೂಚಕ ಉಪಕರಣದ ದಾಖಲೆಯನ್ನು ಉಳಿಸಿಕೊಳ್ಳುವುದು. ಬರಿದಾಗಿ ಮರಳುವ ವಾಹನಕ್ಕೂ ಲಿಖಿತ ಸೂಚನೆ ಕೊಡುವುದು. ಇವುಗಳಿಗೆ ತಗಲುವ ವೆಚ್ಚ ಅತ್ಯಲ್ಪ. ಆದರೆ ಅಧಿಕಾರಿಯ ಮುಂದೆ ಮಾಲೀಕನ ಪರವಾಗಿ ಮಾತನಾಡುವುದು ಈ ಕಾಗದಗಳೇ.

ಒಡೆತನದ ದಾಖಲೆ

ಬಿಡುಗಡೆಯ ಅರ್ಜಿ ಸಲ್ಲಿಸುವವನು ಮೊದಲು ತಾನೇ ಮಾಲೀಕನೆಂದು ತೋರಿಸಬೇಕು. ವಾಹನವನ್ನು ಮಾರಿ ಹಣ ಪಡೆದರೂ ನೋಂದಣಿ ಪತ್ರದಲ್ಲಿ ಹೆಸರು ಬದಲಾಯಿಸದೆ ಬಿಡುವ ಅಭ್ಯಾಸ ವರ್ತಕರಲ್ಲಿ ವ್ಯಾಪಕವಾಗಿದೆ. ಮೋಟಾರು ವಾಹನ ಕಾಯಿದೆಯ ಪ್ರಕಾರ ರಾಜ್ಯದೊಳಗಿನ ವರ್ಗಾವಣೆಯನ್ನು ಮಾರಿದವನು ಹದಿನಾಲ್ಕು ದಿನಗಳೊಳಗೆ, ಕೊಂಡವನು ಮೂವತ್ತು ದಿನಗಳೊಳಗೆ ವರದಿ ಮಾಡಬೇಕು. ಹಾಗೆ ಮಾಡದಿದ್ದಲ್ಲಿ ಮಾರಿದವನಿಗೆ ನೋಟಿಸು ಬರುತ್ತದೆ, ಕೊಂಡವನಿಗೆ ಬಿಡುಗಡೆ ಕೇಳುವ ಹಕ್ಕು ತೋರಿಸಲಾಗದೆ ಇಬ್ಬರೂ ತೊಂದರೆಗೊಳಗಾಗುತ್ತಾರೆ. ವಾಹನದ ಮೇಲೆ ಸಾಲವಿದ್ದರೆ ಹಣಕಾಸು ಸಂಸ್ಥೆಗೆ ಕೂಡಲೇ ಲಿಖಿತವಾಗಿ ತಿಳಿಸುವುದು ಲೇಸು. ಅಡಮಾನದ ಆಸ್ತಿಯನ್ನು ಉಳಿಸಿಕೊಳ್ಳುವುದರಲ್ಲಿ ಅದಕ್ಕೂ ಆಸಕ್ತಿಯಿರುತ್ತದೆ.

ಲೆಕ್ಕದ ದೃಷ್ಟಿಯಿಂದ

ಷರತ್ತುಗಳು ಹೆಚ್ಚಾದವೆಂದು ತಕರಾರು ತೆಗೆದು ತಿಂಗಳುಗಟ್ಟಲೆ ಹೋರಾಡುವ ಮುನ್ನ ಒಂದು ಸರಳ ಲೆಕ್ಕ ಮಾಡಬೇಕು. ಊಹೆಗಾಗಿ, ರೂ. 22 ಲಕ್ಷ ಬೆಲೆಯ ಲಾರಿಯ ಮಾಸಿಕ ಕಂತು ರೂ. 45,000, ವಿಮೆ ಮತ್ತು ತೆರಿಗೆಯ ಮಾಸಿಕ ಪಾಲು ರೂ. 10,000, ಬದಲಿ ವಾಹನವನ್ನು ಬಾಡಿಗೆಗೆ ಪಡೆಯುವುದರಿಂದ ಬೀಳುವ ಹೆಚ್ಚುವರಿ ಹೊರೆ ರೂ. 60,000 ಎಂದಿಟ್ಟುಕೊಂಡರೆ, ತಿಂಗಳಿಗೆ ರೂ. 1,15,000 ಹೊರೆ ಬೀಳುತ್ತದೆ. ಆರು ತಿಂಗಳಿಗೆ ಅದು ರೂ. 6,90,000. ಹದಿನೆಂಟು ತಿಂಗಳಿಗೆ ರೂ. 20,70,000, ಅಂದರೆ ಹೆಚ್ಚುಕಡಿಮೆ ಲಾರಿಯ ಬೆಲೆಯೇ. ಇದೇ ಲಾರಿಗೆ ರೂ. 10 ಲಕ್ಷದ ಬ್ಯಾಂಕ್ ಖಾತರಿ ಕೇಳಲಾಯಿತೆಂದೂ, ಬ್ಯಾಂಕು ಶೇ. 25ರಷ್ಟು ಠೇವಣಿಯನ್ನೂ ವರ್ಷಕ್ಕೆ ಶೇ. 2ರಷ್ಟು ದಳ್ಳಾಳಿಯನ್ನೂ ವಿಧಿಸುತ್ತದೆಂದೂ ಭಾವಿಸಿದರೆ, ರೂ. 2,50,000 ಠೇವಣಿಯಲ್ಲಿ ಬಂಧಿತವಾಗಿ ಬಡ್ಡಿ ಗಳಿಸುತ್ತಿರುತ್ತದೆ. ನಿಜವಾದ ಖರ್ಚು ವರ್ಷಕ್ಕೆ ರೂ. 20,000. ಒಂದು ತಿಂಗಳ ನಿಷ್ಕ್ರಿಯತೆಯ ಹೊರೆಗಿಂತ ಒಂದು ವರ್ಷದ ಖಾತರಿಯ ವೆಚ್ಚ ಕಡಿಮೆ. ಪ್ರತಿಯೊಬ್ಬರ ಅಂಕಿಗಳು ಬೇರೆಯಾದರೂ ಹೋಲಿಕೆಯ ಕ್ರಮ ಇದೇ.

ಇಂತಹ ಖಾತರಿಯನ್ನು ಲೆಕ್ಕಪತ್ರಗಳಲ್ಲಿ ಸಂಭವನೀಯ ಹೊಣೆಯಾಗಿ ಟಿಪ್ಪಣಿಯಲ್ಲಿ ತೋರಿಸಬೇಕು. ಅಪರಾಧಕ್ಕಾಗಿ ತೆತ್ತ ದಂಡವನ್ನು ಆದಾಯ ತೆರಿಗೆಯಲ್ಲಿ ವ್ಯಾಪಾರದ ಖರ್ಚೆಂದು ಕಳೆಯಲು ಬರುವುದಿಲ್ಲ. ಸಾಧಾರಣ ವಾಹನ ವಿಮೆಯು ಅಪಘಾತ, ಬೆಂಕಿ, ಕಳವುಗಳಿಗೆ ಸಂಬಂಧಿಸಿದ್ದೇ ಹೊರತು ಅಬಕಾರಿ ಮುಟ್ಟುಗೋಲಿನ ನಷ್ಟವನ್ನು ತುಂಬಿಕೊಡುವುದಿಲ್ಲ.

ಸಣ್ಣ ಉತ್ಪಾದಕರಿಗೆ ಎಚ್ಚರಿಕೆ

ಈ ವಿಷಯ ಕುಡಿಯುವ ಮದ್ಯಕ್ಕೆ ಮಾತ್ರ ಸೀಮಿತವೆಂದು ಔಷಧ, ಸುಗಂಧದ್ರವ್ಯ, ಶುಚಿಕಾರಕ, ಬಣ್ಣಗಳ ಘಟಕಗಳು ಭಾವಿಸಬಾರದು. ಕೈಗಾರಿಕಾ ಮದ್ಯಸಾರವೂ ರಾಜ್ಯಪಟ್ಟಿಯ ‘ಮಾದಕ ಮದ್ಯ’ ಎಂಬ ಪದದೊಳಗೆ ಬರುತ್ತದೆ, ಅದನ್ನು ನಿಯಂತ್ರಿಸುವ ಅಧಿಕಾರ ರಾಜ್ಯಗಳಿಗಿದೆ ಎಂದು ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳ ಪೀಠವು 2024ರ ಅಕ್ಟೋಬರ್ 23ರಂದು ಬಹುಮತದಿಂದ ತೀರ್ಪಿತ್ತಿದೆ. ಸ್ಪಿರಿಟ್ ಸಾಗಿಸುವಾಗ ಪರವಾನಗಿ, ಪ್ರಮಾಣ, ಅವಧಿ ಮತ್ತು ವಾಹನ ಸಂಖ್ಯೆಗಳು ಒಂದಕ್ಕೊಂದು ತಾಳೆಯಾಗುತ್ತಿವೆಯೇ ಎಂದು ಗೋದಾಮಿನ ಬಾಗಿಲಲ್ಲೇ ನೋಡಿಕೊಳ್ಳಬೇಕು.

ಬಿಡುಗಡೆಯಾದ ಮೇಲೆ

ಮಧ್ಯಂತರವಾಗಿ ಬಿಡುಗಡೆಯಾದ ವಾಹನವು ಪೂರ್ಣ ಸ್ವತಂತ್ರವಾದುದಲ್ಲ. ಸಾಮಾನ್ಯವಾಗಿ ಅದನ್ನು ಮಾರಬಾರದು, ರೂಪ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು ಎಂಬ ಷರತ್ತುಗಳಿರುತ್ತವೆ. ಅವುಗಳನ್ನು ಮುರಿದರೆ ಖಾತರಿಯ ಹಣ ಸರ್ಕಾರದ ಪಾಲಾಗುತ್ತದೆ. ಆದೇಶದ ಪ್ರತಿಯನ್ನು ವಾಹನದಲ್ಲಿ ಒಂದು, ಕಚೇರಿಯಲ್ಲಿ ಒಂದು ಇಡಬೇಕು. ಖಾತರಿಯ ಅವಧಿ ಮುಗಿಯುವ ಮುನ್ನ ನವೀಕರಿಸಬೇಕು. ಮುಟ್ಟುಗೋಲಿನ ನೋಟಿಸಿಗೆ ಉತ್ತರ ನೀಡುವ ಹೊಣೆಯೂ ಮುಂದುವರಿದಿರುತ್ತದೆ. ವಾಹನ ಕೈಗೆ ಬಂತೆಂದು ನೋಟಿಸನ್ನು ಕಡೆಗಣಿಸಿದವನು ಏಕಪಕ್ಷೀಯ ಆದೇಶಕ್ಕೆ ಗುರಿಯಾಗಿ, ಬಂದ ವಾಹನವನ್ನು ಮತ್ತೆ ಕಳೆದುಕೊಳ್ಳಬಹುದು.

ಜಪ್ತಿಯ ಸುದ್ದಿ ಬಂದ ದಿನವೇ ಮಹಜರಿನ ಪ್ರತಿ, ಪ್ರಥಮ ವರ್ತಮಾನ ವರದಿ, ನೋಂದಣಿ ಪತ್ರ, ವಿಮೆ, ಸರಕಿನ ಬಿಲ್ಲು, ಚಾಲಕನ ನೇಮಕಾತಿ ಪತ್ರ ಮತ್ತು ಪ್ರಯಾಣ ಪತ್ರಗಳು ಒಂದೇ ಕಡತದಲ್ಲಿ ವಕೀಲರ ಮೇಜಿನ ಮೇಲಿರಬೇಕು. ಅವುಗಳಲ್ಲಿ ಕೊನೆಯ ಎರಡು ಕಾಗದಗಳು ಇರುತ್ತವೆಯೋ ಇಲ್ಲವೋ ಎಂಬುದು ನಿರ್ಧಾರವಾಗುವುದು ಲಾರಿಯು ಗೋದಾಮಿನಿಂದ ಹೊರಡುವ ಬೆಳಿಗ್ಗೆ. ಅಂದು ಐದು ನಿಮಿಷ ವ್ಯಯಿಸಿದ ಮಾಲೀಕನು ಮುಂದೆ ತಿಂಗಳುಗಟ್ಟಲೆ ಕಚೇರಿಗಳಿಗೆ ಅಲೆಯುವ ಸಂಭವ ಬಹಳ ಕಡಿಮೆ.